ಸ್ಕೆಚ್ ಕಾಮಿಡಿ ಸಂಕಲನ ಚಿತ್ರಗಳನ್ನು ನೋಡುವ ಬಗೆ: ಎಲ್ಲಿಂದ ಆರಂಭಿಸಬೇಕು, ಏನನ್ನು ಮೊದಲೇ ತಿಳಿದಿರಬೇಕು

ಎಪ್ಪತ್ತರ ದಶಕದ ಅಮೆರಿಕ ಮತ್ತು ಇಂಗ್ಲೆಂಡಿನ ಸ್ಕೆಚ್ ಕಾಮಿಡಿ ಚಿತ್ರಗಳ ಬಗ್ಗೆ ಬರೆದಾಗಲೆಲ್ಲ ಓದುಗರಿಂದ ಬರುವ ಪ್ರಶ್ನೆ ಹೆಚ್ಚುಕಡಿಮೆ ಒಂದೇ ಆಗಿರುತ್ತದೆ: "ಇಷ್ಟೊಂದು ಹೊಗಳುತ್ತಾರಲ್ಲ ಎಂದು ನೋಡಲು ಕುಳಿತೆ, ಅರ್ಧ ಗಂಟೆಯಲ್ಲಿ ನಿಲ್ಲಿಸಿಬಿಟ್ಟೆ. ಕಥೆಯೇ ಇಲ್ಲ, ಪಡ್ಡೆ ಹುಡುಗರ ತಲೆಹರಟೆಯಂತಿದೆ. ನನಗೆ ಅರ್ಥವಾಗದೆ ಉಳಿದದ್ದೇನು?" ಈ ಪ್ರಶ್ನೆಗೆ ಬಿಡಿಬಿಡಿಯಾಗಿ ಉತ್ತರಿಸುವ ಬದಲು, ಇಂತಹ ಚಿತ್ರಗಳನ್ನು ಮೊದಲ ಬಾರಿಗೆ ನೋಡುವವರು ಅನುಸರಿಸಬಹುದಾದ ಕ್ರಮವೊಂದನ್ನು ಇಲ್ಲಿ ಹಂತ ಹಂತವಾಗಿ ವಿವರಿಸಿದ್ದೇನೆ. ನನ್ನ ಉತ್ತರದ ತಿರುಳನ್ನು ಮೊದಲೇ ಹೇಳಿಬಿಡುತ್ತೇನೆ. ಈ ಚಿತ್ರಗಳು ಅಣಕಿಸುವುದು ವ್ಯಕ್ತಿಗಳನ್ನಲ್ಲ, ರೂಪಗಳನ್ನು. ಅಂದರೆ ಟ್ರೇಲರ್, ಜಾಹೀರಾತು, ವಾರ್ತಾಪ್ರಸಾರ, ಶಾಲೆಯ ಬೋಧನಾಚಿತ್ರ, ಕುಂಗ್ ಫೂ ಸಿನಿಮಾ ಇತ್ಯಾದಿಗಳನ್ನು. ಮೂಲದ ಪರಿಚಯವಿಲ್ಲದವರಿಗೆ ಅಣಕದಲ್ಲಿ ಕಾಣುವುದು ಅಸಭ್ಯತೆ ಮಾತ್ರ.

ಆರಂಭಿಸುವ ಮೊದಲು ಬೇಕಾದದ್ದು

ಮೂರರಿಂದ ಆರು ಮಂದಿ ಸ್ನೇಹಿತರು, ಒಂದು ದೊಡ್ಡ ಪರದೆ, ಇಂಗ್ಲಿಷ್ ಸಬ್‌ಟೈಟಲ್ ಇರುವ ಅಧಿಕೃತ ಪ್ರತಿ ಮತ್ತು ಎರಡು ಅಥವಾ ಮೂರು ಬಿಡುವಿನ ಸಂಜೆಗಳು ಇದ್ದರೆ ಸಾಕು. ಇವುಗಳಲ್ಲಿ ಸ್ನೇಹಿತರನ್ನು ಬಿಟ್ಟು ಬೇರೆ ಯಾವುದಕ್ಕಾದರೂ ಬದಲಿ ಹುಡುಕಿಕೊಳ್ಳಬಹುದು. ಈ ಹಾಸ್ಯ ಹುಟ್ಟಿದ್ದು ವಿದ್ಯಾರ್ಥಿಗಳು ಕಿಕ್ಕಿರಿದು ಕೂರುತ್ತಿದ್ದ ಸಣ್ಣ ರಂಗಮಂದಿರಗಳಲ್ಲಿ. ಒಬ್ಬರ ನಗು ಪಕ್ಕದವರಿಗೆ ಅಂಟುವುದನ್ನು ಲೆಕ್ಕಕ್ಕೆ ಹಿಡಿದೇ ಇದರ ಗತಿಯನ್ನು ರೂಪಿಸಲಾಗಿದೆ. ಮೊಬೈಲ್ ಪರದೆಯಲ್ಲಿ, ಕಿವಿಗೆ ಇಯರ್‌ಫೋನ್ ಸಿಕ್ಕಿಸಿಕೊಂಡು ಒಬ್ಬರೇ ನೋಡಿ ನಿರಾಶರಾದವರ ಸಂಖ್ಯೆ ದೊಡ್ಡದು.

ಒಂದು ಎಚ್ಚರಿಕೆಯನ್ನು ಇಲ್ಲಿಯೇ ಹೇಳಬೇಕು. ಇವುಗಳಲ್ಲಿ ಹಲವು ಚಿತ್ರಗಳಲ್ಲಿ ನಗ್ನತೆ ಮತ್ತು ಲೈಂಗಿಕ ಹಾಸ್ಯ ಧಾರಾಳವಾಗಿವೆ. ಇವು ವಯಸ್ಕರಿಗಾಗಿ ಮಾಡಿದ ಚಿತ್ರಗಳು. "ಹಳೆಯ ಕಾಮಿಡಿ ಚಿತ್ರ" ಎಂಬ ಭರವಸೆಯಿಂದ ಮಕ್ಕಳನ್ನೂ ಹಿರಿಯರನ್ನೂ ಕೂರಿಸಿಕೊಂಡು ಹಾಕಬೇಡಿ.

ಹಂತ 1: ರೂಪವನ್ನು ಗುರುತಿಸಿಕೊಳ್ಳಿ

ಸ್ಕೆಚ್ ಎಂದರೆ ಒಂದೇ ಹಾಸ್ಯ ಕಲ್ಪನೆಯ ಮೇಲೆ ನಿಂತ ಕಿರುಪ್ರಹಸನ. ಅದು ಅರ್ಧ ನಿಮಿಷದ್ದೂ ಆಗಿರಬಹುದು, ಅರ್ಧ ಗಂಟೆಯದ್ದೂ ಆಗಿರಬಹುದು. ಇಂತಹ ಹತ್ತಿಪ್ಪತ್ತು ಪ್ರಹಸನಗಳನ್ನು ಪೋಣಿಸಿದರೆ ಸಂಕಲನ ಚಿತ್ರವಾಗುತ್ತದೆ. ಸಂಕಲನ ಚಿತ್ರ ಎಂದೊಡನೆ ನಮ್ಮಲ್ಲಿ ಅನೇಕರಿಗೆ ನೆನಪಾಗುವುದು 1976ರ ಪುಟ್ಟಣ್ಣ ಕಣಗಾಲರ 'ಕಥಾಸಂಗಮ'. ಆದರೆ ಅಲ್ಲಿರುವುದು ಪಾತ್ರ, ಬೆಳವಣಿಗೆ ಮತ್ತು ಅಂತ್ಯಗಳನ್ನುಳ್ಳ ಪೂರ್ಣ ಕಥೆಗಳು. ಸ್ಕೆಚ್ ಚಿತ್ರದಲ್ಲಿ ಪಾತ್ರ ಬೆಳೆಯುವುದಿಲ್ಲ, ಬೆಳೆಯಬೇಕಾದ ಅಗತ್ಯವೂ ಇಲ್ಲ. ಬೆಂಗಳೂರಿನ ಕಾಲೇಜು ಉತ್ಸವಗಳಲ್ಲಿ 'ಮ್ಯಾಡ್ ಆಡ್ಸ್' ಸ್ಪರ್ಧೆಯನ್ನು ಕಂಡವರಿಗೆ ಇದನ್ನು ವಿವರಿಸುವುದು ಸುಲಭ: ಇಲ್ಲದ ವಸ್ತುವೊಂದಕ್ಕೆ ಜಾಹೀರಾತು ಕಟ್ಟಿ, ಸಮಯ ಮುಗಿಯುವುದರೊಳಗೆ ವೇದಿಕೆಯಿಂದ ಇಳಿದುಬಿಡುವ ಅದೇ ಹುರುಪು ಇಲ್ಲಿಯೂ ಇದೆ.

ಆದ್ದರಿಂದ ಕಥೆ ಎಲ್ಲಿ ಎಂದು ಹುಡುಕಬೇಡಿ. ಪ್ರತಿ ತುಣುಕು ಆರಂಭವಾದಾಗ ಒಂದೇ ಪ್ರಶ್ನೆ ಕೇಳಿಕೊಳ್ಳಿ: ಇದು ಯಾವುದರ ವೇಷ ಹಾಕಿಕೊಂಡಿದೆ? ವಾರ್ತೆಯದೇ, ಜಾಹೀರಾತಿನದೇ, ಟ್ರೇಲರಿನದೇ? ಉತ್ತರ ಸಿಕ್ಕಿದ ಕೂಡಲೇ ನೋಡುವ ಕ್ರಮ ಬದಲಾಗುತ್ತದೆ.

ಹಂತ 2: ಇವು ಆ ಕಾಲದಲ್ಲಿಯೇ ಏಕೆ ಬಂದವು ಎಂಬುದನ್ನು ತಿಳಿದುಕೊಳ್ಳಿ

ಹಾಲಿವುಡ್‌ನಲ್ಲಿ ಚಿತ್ರಗಳ ನೀತಿಯನ್ನು ದಶಕಗಳ ಕಾಲ ಕಾಯುತ್ತಿದ್ದ ಪ್ರೊಡಕ್ಷನ್ ಕೋಡ್ ಎಂಬ ಸ್ವಯಂ ನಿಯಂತ್ರಣ ಸಂಹಿತೆ 1968ರಲ್ಲಿ ಕೊನೆಗೊಂಡು, ವಯಸ್ಸಿಗೆ ತಕ್ಕಂತೆ ಚಿತ್ರಗಳನ್ನು ವರ್ಗೀಕರಿಸುವ ಪದ್ಧತಿ ಜಾರಿಗೆ ಬಂತು. ಅತ್ತ ದೂರದರ್ಶನದಲ್ಲಿ ಮೂರೇ ದೊಡ್ಡ ಜಾಲಗಳು ಎಲ್ಲರ ಮನೆಯನ್ನೂ ಆಳುತ್ತಿದ್ದವು. ಅವುಗಳ ಮೇಲೆ ಜಾಹೀರಾತುದಾರರ ಮತ್ತು ಸೆನ್ಸಾರ್ ವಿಭಾಗಗಳ ಹಿಡಿತ ಬಿಗಿಯಾಗಿತ್ತು. ಟಿವಿ ನೋಡುತ್ತಲೇ ಬೆಳೆದ ಮೊದಲ ತಲೆಮಾರು ಆ ವೇಳೆಗೆ ಕಾಲೇಜು ಮುಗಿಸುತ್ತಿತ್ತು. ಟಿವಿಯಲ್ಲಿ ಹೇಳಲಾಗದ್ದನ್ನು ಚಿತ್ರಮಂದಿರದಲ್ಲಿ ಹೇಳಬಹುದು ಎಂದಾದಾಗ ಅವರು ಮೊದಲು ಅಣಕಿಸಿದ್ದು ಟಿವಿಯನ್ನೇ.

ಹಾರ್ವರ್ಡ್ ವಿದ್ಯಾರ್ಥಿಗಳ ಹಾಸ್ಯಪತ್ರಿಕೆ 'ಹಾರ್ವರ್ಡ್ ಲ್ಯಾಂಪೂನ್' 1876ರಷ್ಟು ಹಳೆಯದು. ಅಲ್ಲಿ ಪಳಗಿದ ಡಗ್ ಕೆನ್ನಿ, ಹೆನ್ರಿ ಬಿಯರ್ಡ್ ಮತ್ತು ರಾಬರ್ಟ್ ಹಾಫ್‌ಮನ್ 1970ರಲ್ಲಿ 'ನ್ಯಾಷನಲ್ ಲ್ಯಾಂಪೂನ್' ಮಾಸಪತ್ರಿಕೆಯನ್ನು ಆರಂಭಿಸಿದರು. ಮರುವರ್ಷ ವಿಸ್ಕಾನ್ಸಿನ್ ರಾಜ್ಯದ ಮ್ಯಾಡಿಸನ್ ಎಂಬ ವಿಶ್ವವಿದ್ಯಾಲಯದ ಊರಿನಲ್ಲಿ ಡೇವಿಡ್ ಝುಕರ್, ಅವರ ತಮ್ಮ ಜೆರ್ರಿ ಝುಕರ್ ಮತ್ತು ಗೆಳೆಯ ಜಿಮ್ ಅಬ್ರಹಾಮ್ಸ್ ಸೇರಿ 'ಕೆಂಟುಕಿ ಫ್ರೈಡ್ ಥಿಯೇಟರ್' ಕಟ್ಟಿಕೊಂಡರು. ಸ್ವಲ್ಪ ಕಾಲದಲ್ಲಿಯೇ ಅದನ್ನು ಲಾಸ್ ಏಂಜಲೀಸ್‌ಗೆ ಸಾಗಿಸಿದರು. ನ್ಯೂಯಾರ್ಕಿನಲ್ಲಿ ಕೆನ್ ಶಪಿರೋ ಅದಕ್ಕೂ ಮುಂಚೆಯೇ, ಸಣ್ಣ ಸಭಾಂಗಣದಲ್ಲಿ ಟಿವಿ ಪೆಟ್ಟಿಗೆಗಳನ್ನಿಟ್ಟು ತಾವು ವಿಡಿಯೋ ಮಾಡಿದ ಪ್ರಹಸನಗಳನ್ನು ತೋರಿಸುತ್ತಿದ್ದರು. ಅದೇ ಮುಂದೆ 1974ರ 'ದಿ ಗ್ರೂವ್ ಟ್ಯೂಬ್' ಚಿತ್ರವಾಯಿತು. ಇಂಗ್ಲೆಂಡಿನ ಮಾಂಟಿ ಪೈಥಾನ್ ಎಂಬ ಹಾಸ್ಯ ತಂಡದ ಆರು ಜನರಲ್ಲಿ ಐವರು ಕೇಂಬ್ರಿಜ್ ಮತ್ತು ಆಕ್ಸ್‌ಫರ್ಡ್‌ನ ವಿದ್ಯಾರ್ಥಿ ರಂಗಭೂಮಿಯಿಂದ ಬಂದವರು. ಈ ಹಾಸ್ಯಕ್ಕೆ 'ಕಾಲೇಜು ಶೈಲಿ' ಎಂಬ ಹೆಸರು ಬಂದದ್ದು ಹೀಗೆ. ಗುರುವಿಗಾಗಲಿ, ಪಾದ್ರಿಗಾಗಲಿ, ಅಧ್ಯಕ್ಷರಿಗಾಗಲಿ ಸೊಪ್ಪು ಹಾಕದ ಹಾಸ್ಯ ಅದು. ಆದರೆ ಅದರ ಹಿಂದೆ ಚೆನ್ನಾಗಿ ಓದಿಕೊಂಡವರ ತಲೆ ಇದೆ.

ಹಂತ 3: ಅಣಕದ ಮೂಲಗಳನ್ನು ಮೊದಲು ನೋಡಿ

ಎಲ್ಲರೂ ಹಾರಿಸಿಬಿಡುವ ಹಂತವಿದು. ನನ್ನ ಅನುಭವದಲ್ಲಿ ಫಲಿತಾಂಶವನ್ನು ನಿರ್ಧರಿಸುವುದೂ ಇದೇ. ಈ ಬಗೆಯ ಚಿತ್ರಗಳಲ್ಲಿ ಅತ್ಯುತ್ತಮವೆಂದು ನಾನು ಎಣಿಸುವ 'ದಿ ಕೆಂಟುಕಿ ಫ್ರೈಡ್ ಮೂವಿ'ಯನ್ನೇ ಉದಾಹರಣೆಯಾಗಿ ತೆಗೆದುಕೊಳ್ಳೋಣ. ಜಾನ್ ಲ್ಯಾಂಡಿಸ್ ನಿರ್ದೇಶಿಸಿದ, ಝುಕರ್ ಸೋದರರು ಮತ್ತು ಅಬ್ರಹಾಮ್ಸ್ ಬರೆದ ಈ ಚಿತ್ರ 1977ರಲ್ಲಿ ಬಿಡುಗಡೆಯಾಯಿತು. ಸ್ಟುಡಿಯೋಗಳು ಹಣ ಹಾಕಲು ಒಪ್ಪದಿದ್ದಾಗ ಅವರು ಹತ್ತು ನಿಮಿಷದ ಮಾದರಿಯೊಂದನ್ನು ತಾವೇ ಚಿತ್ರಿಸಿ ತೋರಿಸಿ, ಆ ಮೂಲಕ ಬಂಡವಾಳ ದೊರಕಿಸಿಕೊಂಡರು. ಒಟ್ಟು ವೆಚ್ಚ ಸುಮಾರು 6.5 ಲಕ್ಷ ಡಾಲರ್.

ಈ ಚಿತ್ರಕ್ಕೆ ಮುನ್ನ ನೋಡಿರಬೇಕಾದ ಮೊದಲ ಮೂಲ 1973ರ 'ಎಂಟರ್ ದಿ ಡ್ರ್ಯಾಗನ್'. ಬ್ರೂಸ್ ಲೀಯ ಆ ಚಿತ್ರವನ್ನು ನಮ್ಮಲ್ಲಿ ಬಹಳಷ್ಟು ಮಂದಿ ನೋಡಿಯೇ ಇರುತ್ತಾರೆ. ನೋಡಿ ಹತ್ತು ವರ್ಷವಾಗಿದ್ದರೆ ಇನ್ನೊಮ್ಮೆ ನೋಡಿ. 'ಎ ಫಿಸ್ಟ್‌ಫುಲ್ ಆಫ್ ಯೆನ್' ಎಂಬ ಸುಮಾರು ಅರ್ಧ ಗಂಟೆಯ ಭಾಗ ಅದರ ದ್ವೀಪವನ್ನು, ಖಳನ ಕೃತಕ ಕೈಯನ್ನು, ಸಾಲುಗಟ್ಟಿ ಅಭ್ಯಾಸ ಮಾಡುವ ಶಿಷ್ಯರನ್ನು ಒಂದೊಂದಾಗಿ ಎತ್ತಿಕೊಂಡು ಆಡಿಸುತ್ತದೆ. ಅದೇ ಭಾಗದ ಕೊನೆ ಇದ್ದಕ್ಕಿದ್ದಂತೆ 1939ರ 'ದಿ ವಿಝರ್ಡ್ ಆಫ್ ಆಝ್' ಕಡೆಗೆ ಹೊರಳುವುದರಿಂದ, ಆ ಚಿತ್ರದ ಕಡೆಯ ಹತ್ತು ನಿಮಿಷವಾದರೂ ನಿಮಗೆ ಗೊತ್ತಿರಬೇಕು.

ಎರಡನೆಯದು ಆ ಕಾಲದ ದುರಂತ ಚಿತ್ರಗಳು. ಹಡಗು ಮಗುಚುವ 'ದಿ ಪೊಸೈಡನ್ ಅಡ್ವೆಂಚರ್' 1972ರಲ್ಲಿ, ಗಗನಚುಂಬಿ ಕಟ್ಟಡ ಹೊತ್ತಿ ಉರಿಯುವ 'ದಿ ಟವರಿಂಗ್ ಇನ್ಫರ್ನೋ' 1974ರಲ್ಲಿ ಬಂದವು. ಎರಡರ ನಿರ್ಮಾಪಕ ಅರ್ವಿನ್ ಆಲನ್. ಇವುಗಳ ಟ್ರೇಲರ್‌ಗಳನ್ನು ನೋಡಿದರೆ ಸಾಕು, 'ಕೆಂಟುಕಿ' ಅಣಕಿಸುವುದು ಅವುಗಳನ್ನೇ. ತಾರೆಯರ ಹೆಸರುಗಳನ್ನು ಒಂದರ ಮೇಲೊಂದು ಗುಡುಗುವ ನಿರೂಪಕನ ಧ್ವನಿ ಕಿವಿಯಲ್ಲಿ ಉಳಿಯಬೇಕು, ಅಷ್ಟೇ. 1974ರ 'ಅರ್ತ್‌ಕ್ವೇಕ್' ಚಿತ್ರಕ್ಕಾಗಿ ಯೂನಿವರ್ಸಲ್ ಸಂಸ್ಥೆ 'ಸೆನ್ಸರೌಂಡ್' ಎಂಬ ವ್ಯವಸ್ಥೆಯನ್ನು ತಂದಿತ್ತು. ದೊಡ್ಡ ಸ್ಪೀಕರುಗಳಿಂದ ತೀರಾ ಕೆಳಸ್ಥಾಯಿಯ ನಾದ ಹೊರಡಿಸಿ, ಭೂಕಂಪವಾದಾಗ ಪ್ರೇಕ್ಷಕರ ಮೈಯೂ ಅದುರುವಂತೆ ಮಾಡುವ ತಂತ್ರವದು. ಇದಿಷ್ಟು ಗೊತ್ತಿದ್ದರೆ 'ಫೀಲ್-ಅ-ರೌಂಡ್' ಎಂಬ ತುಣುಕು ತಾನಾಗಿಯೇ ತೆರೆದುಕೊಳ್ಳುತ್ತದೆ. ಒಬ್ಬಂಟಿ ಪ್ರೇಕ್ಷಕನೊಬ್ಬ ಚಿತ್ರಮಂದಿರದಲ್ಲಿ ಕುಳಿತಿದ್ದಾನೆ. ಅವನ ಬೆನ್ನ ಹಿಂದೆ ಸಮವಸ್ತ್ರ ತೊಟ್ಟ ಮಂದಿರದ ಸಿಬ್ಬಂದಿಯೊಬ್ಬ ನಿಂತು, ತೆರೆಯ ಮೇಲೆ ನಡೆಯುವುದನ್ನೆಲ್ಲ ಪ್ರೇಕ್ಷಕನ ಮೈಮೇಲೆ ನಡೆಸುತ್ತಾನೆ. ತೆರೆಯಲ್ಲಿ ಸಿಗರೇಟು ಹಚ್ಚಿದರೆ ಇವನ ಮುಖಕ್ಕೆ ಹೊಗೆ. ತೆರೆಯಲ್ಲಿ ಪ್ರೀತಿ ಜಗಳಕ್ಕೆ ತಿರುಗಿದಾಗ ಏನಾಗಬಹುದೆಂದು ನೀವೇ ಊಹಿಸಬಹುದು. ಸಿಬ್ಬಂದಿಯ ಮುಖದಲ್ಲಿ ಎಲ್ಲಿಯೂ ನಗುವಿಲ್ಲ. ಅವನು ತನ್ನ ಕೆಲಸ ಮಾಡುತ್ತಿದ್ದಾನೆ, ಅಷ್ಟೇ. ಕೊನೆಯ ಪೆಟ್ಟನ್ನು ನಾನು ಹೇಳುವುದಿಲ್ಲ.

ಮೂರನೆಯದು ಅಮೆರಿಕದ ಶಾಲೆಗಳಲ್ಲಿ ತೋರಿಸುತ್ತಿದ್ದ ಬೋಧನಾಚಿತ್ರಗಳು. 1940ರ 'ಎ ಕೇಸ್ ಆಫ್ ಸ್ಪ್ರಿಂಗ್ ಫೀವರ್' ಎಂಬ ಪುಟ್ಟ ಚಿತ್ರವನ್ನು ಹುಡುಕಿ ನೋಡಿ. ಸೋಫಾ ರಿಪೇರಿಯಲ್ಲಿ ಬೇಸತ್ತವನೊಬ್ಬ "ಜಗತ್ತಿನಲ್ಲಿ ಸ್ಪ್ರಿಂಗುಗಳೇ ಬೇಡ" ಎನ್ನುತ್ತಾನೆ; ಒಡನೆ ಎಲ್ಲ ಸ್ಪ್ರಿಂಗುಗಳೂ ಮಾಯವಾಗಿ, ಬಾಗಿಲಿನಿಂದ ಗಡಿಯಾರದವರೆಗೆ ಯಾವುದೂ ಕೆಲಸ ಮಾಡದಂತಾಗುತ್ತದೆ. ಇದನ್ನು ಪೂರ್ಣ ಶ್ರದ್ಧೆಯಿಂದಲೇ ತಯಾರಿಸಲಾಗಿತ್ತು. ಇದಾದ ಮೇಲೆ 'ಕೆಂಟುಕಿ'ಯಲ್ಲಿ ಸತುವಿನ ಆಕ್ಸೈಡ್ ಬಗೆಗಿನ ತುಣುಕನ್ನು ನೋಡಿ: ಅಡುಗೆಮನೆಯಲ್ಲಿ ನಿಂತ ಗೃಹಿಣಿಯ ಸುತ್ತಲಿನಿಂದ ಆ ರಾಸಾಯನಿಕ ಸೇರಿರುವ ವಸ್ತುಗಳು ಒಂದೊಂದಾಗಿ ಕಣ್ಮರೆಯಾಗುತ್ತ ಹೋಗುತ್ತವೆ, ಮನೆ ಅನಾಹುತದ ಅಂಚಿಗೆ ಬರುತ್ತದೆ, ನಿರೂಪಕ ಮಾತ್ರ ಪಾಠ ಹೇಳುವ ಅದೇ ತಣ್ಣನೆಯ ದನಿಯಲ್ಲಿ ಮುಂದುವರಿಯುತ್ತಾನೆ. ಮೂಲ ನೋಡದವರು ಇಲ್ಲಿ ಮುಗುಳ್ನಗಬಹುದು. ನೋಡಿದವರು ಹೊಟ್ಟೆ ಹಿಡಿದುಕೊಳ್ಳುತ್ತಾರೆ.

ಹಂತ 4: ನೋಡುವ ಕ್ರಮ

ಮೊದಲ ಸಂಜೆಗೆ 1971ರ 'ಆ್ಯಂಡ್ ನೌ ಫಾರ್ ಸಮ್‌ಥಿಂಗ್ ಕಂಪ್ಲೀಟ್ಲಿ ಡಿಫರೆಂಟ್' ಇರಲಿ. 1969ರ ಅಕ್ಟೋಬರಿನಲ್ಲಿ ಬಿಬಿಸಿಯಲ್ಲಿ ಆರಂಭವಾದ ಮಾಂಟಿ ಪೈಥಾನ್ ಸರಣಿಯ ಮೊದಲ ಎರಡು ಆವೃತ್ತಿಗಳಿಂದ ಆಯ್ದ ಪ್ರಹಸನಗಳನ್ನು ಇಲ್ಲಿ ಹೊಸದಾಗಿ ಚಿತ್ರಿಸಲಾಗಿದೆ. ಅಮೆರಿಕದ ಪ್ರೇಕ್ಷಕರಿಗೆ ತಂಡವನ್ನು ಪರಿಚಯಿಸುವುದೇ ಇದರ ಉದ್ದೇಶವಾಗಿತ್ತು. ಅಸಭ್ಯತೆ ಕಡಿಮೆ, ಭಾಷೆಯ ಆಟ ಹೆಚ್ಚು. ಟಿವಿ ಸರಣಿಯಲ್ಲಿ ಸ್ಟುಡಿಯೋದ ಪ್ರೇಕ್ಷಕರ ನಗು ಕೇಳಿಸುತ್ತದೆ, ಚಿತ್ರದಲ್ಲಿ ಅದಿಲ್ಲ. ಹಾಗಾಗಿ ಒಬ್ಬರೇ ನೋಡಿದರೆ ಇದು ಜಾಳುಜಾಳಾಗಿ ತೋರುತ್ತದೆ.

ಸತ್ತ ಗಿಳಿಯ ಪ್ರಹಸನಕ್ಕೆ ಬಂದಾಗ ಸಬ್‌ಟೈಟಲ್ ಆನ್ ಆಗಿರಲಿ. ಗ್ರಾಹಕನೊಬ್ಬ ತಾನು ಕೊಂಡ ಗಿಳಿ ಸತ್ತದ್ದೆಂದು ದೂರು ತರುತ್ತಾನೆ. ಅಂಗಡಿಯವನು ಅದು ವಿಶ್ರಾಂತಿ ಪಡೆಯುತ್ತಿದೆ ಎಂದು ಸಾಧಿಸುತ್ತಾನೆ. ಗ್ರಾಹಕನ ಸಹನೆ ಒಡೆದಾಗ ಇಂಗ್ಲಿಷಿನಲ್ಲಿ ಸಾವಿಗಿರುವ ಮಾತುಗಳೆಲ್ಲ ಒಂದೇ ಉಸಿರಿನಲ್ಲಿ ಹೊರಬರುತ್ತವೆ. ನಮ್ಮ ಕಿವಿಗೆ ಇದರ ರುಚಿ ಹತ್ತಬೇಕಾದರೆ, ಯಾರಾದರೂ ಕೌಂಟರಿನ ಮುಂದೆ ನಿಂತು "ತೀರಿಕೊಂಡಿದೆ, ಕಾಲವಾಗಿದೆ, ಶಿವನ ಪಾದ ಸೇರಿದೆ, ಕಣ್ಣು ಮುಚ್ಚಿದೆ, ಗೊಟಕ್ ಎಂದಿದೆ" ಎಂದು ಗೌರವದ ಮಾತಿನಿಂದ ಬೀದಿ ಮಾತಿಗೆ ಜಾರುತ್ತ ಹೋಗುವುದನ್ನು ಕಲ್ಪಿಸಿಕೊಳ್ಳಿ. ಹಾಸ್ಯವಿರುವುದು ಗಿಳಿಯಲ್ಲಲ್ಲ, ಸಭ್ಯ ಮಧ್ಯಮವರ್ಗದ ದೂರಿನ ಭಾಷೆ ಹರಿದು ಬೀಳುವುದರಲ್ಲಿ.

ಪಂಚ್‌ಲೈನ್ ಎಂದರೆ ನಗೆಯನ್ನು ಸಿಡಿಸುವ ಕೊನೆಯ ಮಾತು. ಪೈಥಾನ್ ತಂಡದವರಿಗೆ ಅದರ ಮೇಲೆ ನಂಬಿಕೆ ಕಡಿಮೆ. ಅವರ ಪ್ರಹಸನಗಳು ನಡುವೆಯೇ ನಿಲ್ಲುತ್ತವೆ. ಸೇನಾಧಿಕಾರಿಯೊಬ್ಬ ಬಂದು "ಇದು ತೀರಾ ಪೆದ್ದುತನವಾಯಿತು" ಎಂದು ನಿಲ್ಲಿಸಿಬಿಡುತ್ತಾನೆ, ಇಲ್ಲವೇ ಟೆರ್ರಿ ಗಿಲಿಯಮ್ ಅವರ ಕತ್ತರಿಸಿ ಅಂಟಿಸಿದ ಚಿತ್ರಗಳ ಆ್ಯನಿಮೇಷನ್ ಎಲ್ಲವನ್ನೂ ನುಂಗಿ ಮುಂದಕ್ಕೆ ಹೋಗುತ್ತದೆ. ಕೊನೆಯೇ ಇಲ್ಲವಲ್ಲ ಎಂದು ಕಾಯುತ್ತ ಕೂರಬೇಡಿ.

ಎರಡನೆಯ ಸಂಜೆ 'ಕೆಂಟುಕಿ'. ಅದಾದ ಮೇಲೆ ಆಸಕ್ತಿ ಉಳಿದಿದ್ದರೆ 1987ರ 'ಅಮೆಜಾನ್ ವಿಮೆನ್ ಆನ್ ದಿ ಮೂನ್'. ಲ್ಯಾಂಡಿಸ್, ಜೋ ಡಾಂಟೆ ಸೇರಿದಂತೆ ಐವರು ನಿರ್ದೇಶಕರು ಮಾಡಿದ ಈ ಚಿತ್ರಕ್ಕೆ ಒಳ್ಳೆಯ ಚೌಕಟ್ಟಿದೆ. ಚೌಕಟ್ಟು ಎಂದರೆ ಬಿಡಿ ತುಣುಕುಗಳನ್ನು ಒಟ್ಟಿಗೆ ಹಿಡಿದಿಡುವ ಕಲ್ಪನೆ. ತಡರಾತ್ರಿ ಟಿವಿಯಲ್ಲಿ 1950ರ ದಶಕದ ಅಗ್ಗದ ಬಾಹ್ಯಾಕಾಶ ಚಿತ್ರವೊಂದು ಓಡುತ್ತಿದೆ, ಅದರ ರೀಲು ಮತ್ತೆ ಮತ್ತೆ ತುಂಡಾಗುತ್ತದೆ, ಆ ಬಿಡುವಿನಲ್ಲಿ ಉಳಿದ ಪ್ರಹಸನಗಳು ನುಸುಳುತ್ತವೆ. ಗುಣಮಟ್ಟ ಏರುಪೇರಾಗಿದೆ. ಆದರೂ ಅದೃಶ್ಯ ಮನುಷ್ಯನ ಮಗನ ತುಣುಕಿಗಾಗಿಯಾದರೂ ನೋಡಬೇಕು: ತಾನು ಅದೃಶ್ಯನಾಗಿದ್ದೇನೆಂದು ನಂಬಿ ಬಟ್ಟೆ ಕಳಚಿ ಓಡಾಡುವ ವಿಜ್ಞಾನಿ ಎಲ್ಲರಿಗೂ ಸ್ಪಷ್ಟವಾಗಿ ಕಾಣಿಸುತ್ತಿದ್ದಾನೆ, ಸುತ್ತಲಿನವರು ದಾಕ್ಷಿಣ್ಯದಿಂದ ಕಾಣದವರಂತೆ ನಟಿಸುತ್ತಾರೆ.

'ದಿ ಗ್ರೂವ್ ಟ್ಯೂಬ್' ಇತಿಹಾಸದ ಕಾರಣಕ್ಕೆ ಮುಖ್ಯ. 1975ರಲ್ಲಿ ಆರಂಭವಾದ 'ಸ್ಯಾಟರ್ಡೇ ನೈಟ್ ಲೈವ್' ಎಂಬ ಟಿವಿ ಹಾಸ್ಯ ಕಾರ್ಯಕ್ರಮದ ಮೂಲಕ ಮನೆಮಾತಾದ ಚೆವಿ ಚೇಸ್ ಅದಕ್ಕೂ ಮುನ್ನ ಇಲ್ಲಿ ನಟಿಸಿದ್ದಾರೆ. ಆದರೆ ಇದನ್ನು ಮೊದಲ ಚಿತ್ರವಾಗಿ ಆರಿಸಬೇಡಿ. 2013ರ 'ಮೂವಿ 43'ಯನ್ನಂತೂ ಖಂಡಿತ ಬೇಡ. ಪೋಸ್ಟರಿನಲ್ಲಿ ಇಂದಿನ ದೊಡ್ಡ ತಾರೆಯರ ಹೆಸರು ಕಂಡು ಹೊಸಬರು ಅದರಿಂದಲೇ ಆರಂಭಿಸುತ್ತಾರೆ, ಅಲ್ಲಿಗೇ ಮುಗಿಸುತ್ತಾರೆ. ಅದು ಆ ವರ್ಷದ ಅತ್ಯಂತ ಕೆಟ್ಟ ಚಿತ್ರವೆಂದು ರ‍್ಯಾಝಿ ಎಂಬ ಅಣಕ ಪ್ರಶಸ್ತಿ ಪಡೆದ ಚಿತ್ರ. ಅಣಕಿಸಲು ಅಲ್ಲಿ ಯಾವ ರೂಪವೂ ಇಲ್ಲದೆ, ಆಘಾತವೊಂದನ್ನೇ ನೆಚ್ಚಿಕೊಂಡದ್ದು ಅದರ ಮೂಲ ದೋಷ ಎಂಬುದು ನನ್ನ ಅಭಿಪ್ರಾಯ.

ಹಂತ 5: ತುಂಡು ಮಾಡಿಕೊಂಡು ನೋಡಿ, ತುಣುಕುಗಳನ್ನೇ ನೋಡಬೇಡಿ

ಸ್ಕೆಚ್ ಚಿತ್ರ ದಣಿಸುತ್ತದೆ. ಪ್ರತಿ ಐದು ನಿಮಿಷಕ್ಕೆ ಮನಸ್ಸು ಹೊಸ ಲೋಕಕ್ಕೆ ಒಗ್ಗಿಕೊಳ್ಳಬೇಕಾಗುವುದರಿಂದ, ನಲವತ್ತನೆಯ ನಿಮಿಷದ ಹೊತ್ತಿಗೆ ನಗು ಬತ್ತುವುದು ಸಹಜ. ಅರ್ಧ ಗಂಟೆಗೊಮ್ಮೆ ಎದ್ದು ಕಾಫಿ ಕುಡಿದು ಬನ್ನಿ. ಆದರೆ ಯೂಟ್ಯೂಬಿನಲ್ಲಿ ಸಿಗುವ 'ಅತ್ಯುತ್ತಮ ದೃಶ್ಯ'ಗಳನ್ನಷ್ಟೇ ನೋಡಿ ತೃಪ್ತರಾಗುವುದು ಬೇರೆ ವಿಷಯ. ಅದನ್ನು ನಾನು ಒಪ್ಪುವುದಿಲ್ಲ. ಒಂದು ತುಣುಕಿನಲ್ಲಿ ಬಂದ ಸಣ್ಣ ವಿವರ ಇಪ್ಪತ್ತು ನಿಮಿಷಗಳ ನಂತರ ಬೇರೆಲ್ಲೋ ತಲೆ ಎತ್ತುವುದುಂಟು. ಇದನ್ನು ರನ್ನಿಂಗ್ ಗ್ಯಾಗ್ ಎನ್ನುತ್ತಾರೆ, ಅಂದರೆ ಮರಳಿ ಮರಳಿ ಬರುವ ನಗೆ. ಕತ್ತರಿಸಿದ ದೃಶ್ಯಗಳಲ್ಲಿ ಅದು ಸತ್ತುಹೋಗುತ್ತದೆ.

ಹಂತ 6: ಹಳಸಿದ್ದನ್ನು ಹಳಸಿದ್ದೆಂದೇ ಗುರುತಿಸಿ

ಈ ಚಿತ್ರಗಳಲ್ಲಿ ಇಂದು ನೋಡಲಾಗದ ಭಾಗಗಳಿವೆ, ಅವುಗಳಿಗೆ ಕಾಲದ ನೆಪ ಹೇಳಿ ರಿಯಾಯಿತಿ ಕೊಡಬೇಕಾಗಿಲ್ಲ. ಕಪ್ಪು ಜನರ ಮೇಲಿನ ಬೈಗುಳವೇ ಇಡೀ ಹಾಸ್ಯವಾಗಿರುವ ತುಣುಕಿದೆ. ಏಷ್ಯಾದವರ ಉಚ್ಚಾರಣೆಯನ್ನು ನಗೆಗೆ ಬಳಸಿರುವುದಿದೆ. ಹೆಣ್ಣಿನ ದೇಹವನ್ನು ಅಣಕದ ನೆಪದಲ್ಲಿ ಸರಕಾಗಿ ತೋರಿಸುವುದಂತೂ ಬಹಳ. ನಾನು ಅನುಸರಿಸುವ ಅಳತೆಗೋಲು ಸರಳವಾಗಿದೆ. ತುಣುಕು ಮುಗಿದ ಮೇಲೆ, ಪೆಟ್ಟು ಬಿದ್ದದ್ದು ಯಾರಿಗೆ ಎಂದು ಕೇಳಿಕೊಳ್ಳುತ್ತೇನೆ. ಲೈಂಗಿಕ ಚಿತ್ರಗಳ ಟ್ರೇಲರನ್ನು ಅಣಕಿಸುವ ತುಣುಕು ಆ ವ್ಯಾಪಾರಿಗಳ ಬೂಟಾಟಿಕೆಯನ್ನು ಬಯಲು ಮಾಡುತ್ತಿದೆಯೇ, ಅಥವಾ ತಾನೇ ಅದೇ ಸರಕನ್ನು ಮಾರುತ್ತಿದೆಯೇ? ಅನೇಕ ಸಲ ಎರಡನ್ನೂ ಒಟ್ಟಿಗೇ ಮಾಡುತ್ತಿರುತ್ತದೆ, ಗುಂಪಿನಲ್ಲಿ ಚರ್ಚೆ ಹುಟ್ಟುವುದು ಅಲ್ಲಿಯೇ. ಯಾರಿಗಾದರೂ ಮುಜುಗರವಾದರೆ ಆ ಭಾಗವನ್ನು ಮುಂದಕ್ಕೆ ಓಡಿಸಿ. ಮುಂದಿನ ಪ್ರಹಸನ ಅದನ್ನು ಅವಲಂಬಿಸಿರುವುದಿಲ್ಲ.

ಹಂತ 7: ಇದು ಮುಂದೆ ಎಲ್ಲಿಗೆ ಹೋಯಿತು ಎಂಬುದನ್ನೂ ನೋಡಿ

'ಕೆಂಟುಕಿ'ಯ ಮರುವರ್ಷವೇ ಲ್ಯಾಂಡಿಸ್ 'ನ್ಯಾಷನಲ್ ಲ್ಯಾಂಪೂನ್ಸ್ ಅನಿಮಲ್ ಹೌಸ್' ನಿರ್ದೇಶಿಸಿದರು. ಝುಕರ್ ಸೋದರರು ಮತ್ತು ಅಬ್ರಹಾಮ್ಸ್ 1980ರಲ್ಲಿ 'ಏರ್‌ಪ್ಲೇನ್!' ಮಾಡಿದರು. ಇದರ ಬೀಜ ಸಿಕ್ಕಿದ್ದು ಅವರು ರಂಗಮಂದಿರ ನಡೆಸುತ್ತಿದ್ದ ದಿನಗಳಲ್ಲಿ. ಅಣಕಿಸಲು ಜಾಹೀರಾತುಗಳು ಬೇಕೆಂದು ಅವರು ತಡರಾತ್ರಿಯ ಟಿವಿಯನ್ನು ಟೇಪ್ ಮಾಡಿಡುತ್ತಿದ್ದರು; ಹೀಗೆ ಜಾಹೀರಾತುಗಳ ಜೊತೆಗೆ 1957ರ 'ಝೀರೋ ಅವರ್!' ಎಂಬ ವಿಮಾನ ಚಿತ್ರವೂ ದಾಖಲಾಯಿತು. ಅವರು ಅದರ ಹಕ್ಕುಗಳನ್ನೇ ಕೊಂಡು, ಕಥೆಯನ್ನೂ ಎಷ್ಟೋ ಸಂಭಾಷಣೆಗಳನ್ನೂ ಹಾಗೆಯೇ ಇಟ್ಟುಕೊಂಡು, ಸುತ್ತಲೂ ನಗೆ ಹೆಣೆದರು. ಪಾತ್ರಗಳಿಗೆ ಹಾಸ್ಯನಟರನ್ನು ಕರೆಯಲಿಲ್ಲ. ಲೆಸ್ಲಿ ನೀಲ್ಸನ್, ರಾಬರ್ಟ್ ಸ್ಟ್ಯಾಕ್, ಪೀಟರ್ ಗ್ರೇವ್ಸ್, ಲಾಯ್ಡ್ ಬ್ರಿಜಸ್ ಎಲ್ಲರೂ ಅಲ್ಲಿಯವರೆಗೆ ಗಂಭೀರ ಪಾತ್ರಗಳಿಗೆ ಹೆಸರಾಗಿದ್ದವರು. ಇದನ್ನು ಡೆಡ್‌ಪ್ಯಾನ್ ಎನ್ನುತ್ತಾರೆ: ಎಷ್ಟೇ ಅಸಂಬದ್ಧ ಮಾತನ್ನೂ ಮುಖದ ಒಂದು ಗೆರೆಯೂ ಅಲುಗದಂತೆ ಹೇಳುವ ಕಲೆ. 'ಫೀಲ್-ಅ-ರೌಂಡ್'ನ ಆ ಸಿಬ್ಬಂದಿಯ ಮುಖವನ್ನು ನೆನಪಿಸಿಕೊಂಡರೆ ಈ ಪಾಠ ಅವರಿಗೆ ಎಲ್ಲಿ ದಕ್ಕಿತ್ತೆಂಬುದು ತಿಳಿಯುತ್ತದೆ.

ಕೊನೆಯ ಸಂಜೆ ಈ ಎರಡು ವಿಮಾನ ಚಿತ್ರಗಳನ್ನು ಒಂದರ ನಂತರ ಒಂದರಂತೆ ಹಾಕಿ, ಹಳೆಯದು ಮೊದಲು. ಎರಡರಲ್ಲಿಯೂ ರಾತ್ರಿಯೂಟದ ಮೀನು ತಿಂದ ಪೈಲಟ್‌ಗಳು ಕುಸಿದು ಬೀಳುತ್ತಾರೆ. ಎರಡರಲ್ಲಿಯೂ ವೈದ್ಯ, ನಾವು ಬದುಕಬೇಕಾದರೆ ವಿಮಾನ ಹಾರಿಸಬಲ್ಲ, ಆದರೆ ರಾತ್ರಿ ಮೀನು ತಿಂದಿರದ ಒಬ್ಬರು ಸಿಗಬೇಕು ಎನ್ನುತ್ತಾನೆ. ಆ ಮಾತು ಬಂದಾಗ ತೆರೆಯನ್ನು ಬಿಟ್ಟು ಜೊತೆಯಲ್ಲಿ ಕುಳಿತವರನ್ನು ಗಮನಿಸಿ. ಮೊದಲ ಚಿತ್ರದಲ್ಲಿ ಅವರು ಮುಂದೇನಾಗುವುದೋ ಎಂದು ಮುಂದಕ್ಕೆ ಬಾಗಿರುತ್ತಾರೆ. ಎರಡನೆಯದರಲ್ಲಿ, ಅದೇ ಮಾತಿಗೆ, ಕುರ್ಚಿಯಿಂದ ಜಾರುತ್ತಿರುತ್ತಾರೆ.